ವಿಚಾರಣೆ ಶುರುವಾಗುವ ಮೊದಲೇ ಕೇಸು ರದ್ದಾಗುವುದು ಯಾವಾಗ? ಕಲಬುರಗಿ ಪೀಠಕ್ಕೆ ಹೋಗುವವರಿಗೆ ಒಂದು ಮಾರ್ಗದರ್ಶಿ

"ಸಾಹೇಬ್ರ, ಇದು ಪೂರ್ತಿ ಸುಳ್ಳು ಕೇಸ್ ಅದರಿ. ಹೈಕೋರ್ಟಿಗೆ ಹೋಗಿ ಕ್ವಾಶ್ ಮಾಡಿಸಿಬಿಡ್ರಿ." ಕಲಬುರಗಿ, ಬೀದರ್, ಯಾದಗಿರಿಯ ಯಾವ ವಕೀಲರ ಕಚೇರಿಯಲ್ಲಿ ಕೂತರೂ ಈ ಮಾತು ಕಿವಿಗೆ ಬೀಳುತ್ತದೆ. ಹೇಳುವವರ ಸಂಕಟ ನಿಜ. ಆದರೆ ಆ ಮಾತಿನಲ್ಲೇ ಒಂದು ತಪ್ಪು ತಿಳುವಳಿಕೆ ಇದೆ. ಕೇಸು ಸುಳ್ಳು ಎಂಬ ಒಂದೇ ಕಾರಣಕ್ಕೆ ಹೈಕೋರ್ಟ್ ಅದನ್ನು ಆರಂಭದಲ್ಲೇ ರದ್ದು ಮಾಡುವುದಿಲ್ಲ. ಸುಳ್ಳೋ ನಿಜವೋ ಎಂದು ತೂಗುವುದು ವಿಚಾರಣಾ ಕೋರ್ಟಿನ ಕೆಲಸ. ಹೈಕೋರ್ಟ್ ಈ ಹಂತದಲ್ಲಿ ಕೇಳುವ ಪ್ರಶ್ನೆ ಬೇರೆ: ದೂರಿನಲ್ಲಿ ಬರೆದಿರುವುದನ್ನೆಲ್ಲ ಹಾಗೇ ನಿಜ ಎಂದು ಒಪ್ಪಿಕೊಂಡರೂ ಅಲ್ಲಿ ಅಪರಾಧ ಕಾಣುತ್ತದೆಯೇ?

ಈ ಒಂದು ಪ್ರಶ್ನೆ ಮನಸ್ಸಿನಲ್ಲಿದ್ದರೆ ಅರ್ಧ ದಾರಿ ಸಲೀಸು. ಸುಮ್ನೆ ಹಣ, ಸಮಯ ಕಳೆಯುವುದೂ ತಪ್ಪುತ್ತದೆ.

ಮೊದಲಿಗೆ ಎರಡು ಮಾತು ಕಾನೂನಿನ ಬಗ್ಗೆ. ಈ ಅಧಿಕಾರ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಮಿನಲ್ಲಿತ್ತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಜಾರಿಗೆ ಬಂದಿದೆ. ಅದರಲ್ಲಿ ಇದೇ ಅಧಿಕಾರ 528ನೇ ಕಲಮಿನಲ್ಲಿದೆ. ಕೋರ್ಟಿನ ಪ್ರಕ್ರಿಯೆ ದುರುಪಯೋಗ ಆಗದಂತೆ ತಡೆಯಲು, ನ್ಯಾಯ ಉಳಿಸಲು ಹೈಕೋರ್ಟಿಗೆ ಇರುವ ಅಧಿಕಾರ ಇದು. ಜಿಲ್ಲಾ ಕೋರ್ಟಿಗೆ ಇದು ಇಲ್ಲ. ಹೊಸ ಸಂಹಿತೆಯಲ್ಲಿ 482 ಎಂದರೆ ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೆ ಮೊದಲೇ ಪಡೆಯುವ ಜಾಮೀನು. ಹಳೇ ರೂಢಿಯಲ್ಲಿ "ಫೋರ್ ಎಯ್ಟಿ ಟೂ ಹಾಕೋಣ" ಎಂದು ಯಾರಾದರೂ ಹೇಳಿದರೆ ಯಾವುದು ಎಂದು ಸ್ಪಷ್ಟವಾಗಿ ಕೇಳಿ. ಎರಡೂ ಬೇರೆ ಬೇರೆ ಕೆಲಸ.

ನಮ್ಮ ಭಾಗದವರಿಗೆ ಇದು ಹತ್ತಿರ ಬಂದದ್ದು ಇತ್ತೀಚೆಗೆ. 2008ರ ಜುಲೈನಲ್ಲಿ ಇಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಶುರುವಾಯಿತು. 2013ರ ಆಗಸ್ಟ್‌ನಲ್ಲಿ ಅದು ಕಾಯಂ ಪೀಠವಾಯಿತು. ಅದಕ್ಕೂ ಮೊದಲು ಔರಾದಿನ ರೈತ ಒಂದು ಅರ್ಜಿಗಾಗಿ ಬೆಂಗಳೂರಿಗೆ ಹೋಗಬೇಕಿತ್ತು. ಈಗ ಕಲಬುರಗಿ, ಬೀದರ್, ಯಾದಗಿರಿ, ರಾಯಚೂರು, ವಿಜಯಪುರ ಜಿಲ್ಲೆಗಳ ಅರ್ಜಿಗಳು ಕಲಬುರಗಿ ಪೀಠಕ್ಕೇ ಹೋಗುತ್ತವೆ.

1. ಕಾಗದ ಕೈಗೆ ಬರಲಿ

ಬಾಯಿಮಾತಿನ ಮೇಲೆ ಯಾವ ನಿರ್ಧಾರವನ್ನೂ ಮಾಡಬೇಡಿ. ಮೊದಲು ಎಫ್‌ಐಆರ್ ಪ್ರತಿ, ಅದರ ಜೊತೆಗಿರುವ ದೂರಿನ ಪ್ರತಿ ತೆಗೆದುಕೊಳ್ಳಿ. 2016ರಲ್ಲಿ ಸುಪ್ರೀಂ ಕೋರ್ಟ್ ಹೇಳಿದಂತೆ, ಸೂಕ್ಷ್ಮ ಪ್ರಕರಣಗಳನ್ನು ಬಿಟ್ಟು ಉಳಿದ ಎಫ್‌ಐಆರ್‌ಗಳನ್ನು ಪೊಲೀಸರು 24 ಗಂಟೆಯೊಳಗೆ ವೆಬ್‌ಸೈಟಿಗೆ ಹಾಕಬೇಕು. ಅಲ್ಲಿ ಸಿಗದಿದ್ದರೆ ನಿಮ್ಮ ತಾಲ್ಲೂಕಿನ ಮ್ಯಾಜಿಸ್ಟ್ರೇಟರ ಜೆಎಂಎಫ್‌ಸಿ ಕೋರ್ಟಿನಲ್ಲಿ ವಕೀಲರ ಮೂಲಕ ನಕಲು ಅರ್ಜಿ ಹಾಕಿ. ದೃಢೀಕೃತ ಪ್ರತಿಯೇ ಬೇಕು, ಹೈಕೋರ್ಟಿಗೆ ಅದೇ ಕೊಡಬೇಕಾಗುತ್ತದೆ.

ಎಫ್‌ಐಆರ್ ಹಾಳೆಯನ್ನು ಅವಸರವಿಲ್ಲದೆ ಓದಿ. ಘಟನೆ ನಡೆದ ದಿನ ಮತ್ತು ವೇಳೆ ಒಂದು ಕಾಲಂ. ಠಾಣೆಗೆ ಮಾಹಿತಿ ಬಂದ ವೇಳೆ ಇನ್ನೊಂದು. ತಡವಾಗಿದ್ದರೆ ಅದರ ಕಾರಣಕ್ಕೂ ಜಾಗ ಇದೆ. ಕೆಳಗೆ ಕೋರ್ಟಿಗೆ ಕಳಿಸಿದ ದಿನಾಂಕ ಮತ್ತು ವೇಳೆ. ಎಷ್ಟೋ ಸಲ ವಾದದ ತಿರುಳು ಈ ನಾಲ್ಕು ಕಾಲಂಗಳಲ್ಲೇ ಸಿಗುತ್ತದೆ.

ಎಫ್‌ಐಆರ್ ಆಯಿತೆಂದರೆ ತಪ್ಪು ಸಾಬೀತಾಯಿತು ಎಂದಲ್ಲ. ಸಂಜ್ಞೇಯ ಅಪರಾಧದ (ಕೋರ್ಟಿನ ಆದೇಶ ಇಲ್ಲದೆಯೂ ಪೊಲೀಸರು ತನಿಖೆ ಮಾಡಬಹುದಾದ ಅಪರಾಧದ) ಮಾಹಿತಿ ಬಂದರೆ ಪೊಲೀಸರು ದಾಖಲಿಸಲೇಬೇಕು ಎಂದು 2013ರ ಲಲಿತಾ ಕುಮಾರಿ ತೀರ್ಪು ಹೇಳಿದೆ. ಹಾಗಾಗಿ ದಾಖಲಿಸಿದ ಪಿಎಸ್‌ಐ ಮೇಲೆ ಸಿಟ್ಟಾಗಿ ಪ್ರಯೋಜನವಿಲ್ಲ.

2. ಬಂಧನದ ಭಯ ಇದ್ದರೆ ಮೊದಲು ಅದನ್ನು ನೋಡಿಕೊಳ್ಳಿ

ಬಹಳ ಜನ ಎಡವುವುದು ಇಲ್ಲೇ. ಹೈಕೋರ್ಟಿನಲ್ಲಿ ಅರ್ಜಿ ಹಾಕಿದ ಮಾತ್ರಕ್ಕೆ ಪೊಲೀಸರ ಕೈ ಕಟ್ಟಿದಂತೆ ಆಗುವುದಿಲ್ಲ. ಕಾರಣ ಬರೆಯದೆ "ಬಲವಂತದ ಕ್ರಮ ಬೇಡ" ಎಂಬ ಆದೇಶಗಳನ್ನು ಸಲೀಸಾಗಿ ಕೊಡಬಾರದು ಎಂದು 2021ರ ನಿಹಾರಿಕಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಹೈಕೋರ್ಟುಗಳಿಗೆ ಹೇಳಿದೆ. ತನಿಖೆ ನಡೆಸುವುದು ಪೊಲೀಸರ ಹಕ್ಕೂ ಹೌದು, ಕರ್ತವ್ಯವೂ ಹೌದು.

ಅದಕ್ಕೇ ಜಾಮೀನು ಹಕ್ಕಾಗಿ ಸಿಗದ ಕಲಮು ಇದ್ದರೆ ಮೊದಲು ಜಿಲ್ಲಾ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಹಾಕಿ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಕಾರಣ ಇಲ್ಲದೆ ಬಂಧಿಸುವಂತಿಲ್ಲ. ಹೊಸ ಸಂಹಿತೆಯ 35(3)ರ ಕೆಳಗೆ ನೋಟಿಸ್ ಕೊಟ್ಟು ಕರೆಯಬೇಕು. 2014ರ ಅರ್ನೇಶ್ ಕುಮಾರ್ ತೀರ್ಪಿನಿಂದ ಇದು ಗಟ್ಟಿಯಾಗಿದೆ. ನೋಟಿಸ್ ಬಂದರೆ ಹೋಗಿ ಹಾಜರಾಗಿ. "ಹೈಕೋರ್ಟಿಗೆ ಹಾಕೀವಿ" ಎಂದು ಮನೆಯಲ್ಲಿ ಕೂತರೆ ಅದೇ ಬಂಧನಕ್ಕೆ ಕಾರಣ ಆಗುತ್ತದೆ.

3. ದೂರನ್ನು ಪೆನ್ಸಿಲ್ ಹಿಡಿದು ಓದಿ

ನನ್ನ ಪ್ರಕಾರ ಇಡೀ ಕೆಲಸದಲ್ಲಿ ಮುಖ್ಯವಾದ ಹೆಜ್ಜೆ ಇದು. ಎರಡು ಉದಾಹರಣೆ ತೆಗೆದುಕೊಳ್ಳೋಣ.

ಮೊದಲನೆಯದು ಗಂಜಿನ (ಕೃಷಿ ಮಾರುಕಟ್ಟೆಯ) ವ್ಯವಹಾರ. ಚಿತ್ತಾಪುರದ ಕಡೆಯ ಒಬ್ಬ ರೈತ ಕಲಬುರಗಿ ಗಂಜಿನ ವ್ಯಾಪಾರಿಗೆ ತೊಗರಿ ಕೊಟ್ಟಿದ್ದಾನೆ ಎಂದುಕೊಳ್ಳಿ. ಮೂರು ವರ್ಷದಿಂದ ಇಬ್ಬರ ನಡುವೆ ವ್ಯವಹಾರ ಇದೆ. ಈ ಸಲ ಅರ್ಧ ಹಣ ಬಂತು, ಉಳಿದದ್ದು ಬರಲಿಲ್ಲ. ರೈತ ಠಾಣೆಗೆ ಹೋಗಿ ಮೋಸ ಎಂದು ದೂರು ಕೊಟ್ಟ. ದೂರಿನಲ್ಲಿ ಬರೆದದ್ದು: "ಮೊದಲು ಸರಿಯಾಗಿ ಹಣ ಕೊಡುತ್ತಿದ್ದರು. ಈ ವರ್ಷ ಬೆಲೆ ಬಿದ್ದ ಮೇಲೆ ಕೊಡದೆ ಸತಾಯಿಸುತ್ತಿದ್ದಾರೆ." ಇದನ್ನು ಪೂರ್ತಿ ನಿಜ ಎಂದೇ ಇಟ್ಟುಕೊಳ್ಳೋಣ. ಮೋಸದ ಅಪರಾಧ ಆಗಬೇಕಾದರೆ ಮಾಲು ಪಡೆಯುವ ಹೊತ್ತಿಗೇ ವಂಚಿಸುವ ಉದ್ದೇಶ ಇರಬೇಕು. 2000ದ ಹೃದಯ ರಂಜನ್ ಪ್ರಸಾದ್ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಹೇಳಿದೆ. ಆಮೇಲೆ ಮಾತು ತಪ್ಪಿದ್ದು ಕರಾರು ಮುರಿದಂತೆ ಆಗುತ್ತದೆ, ಅದಕ್ಕೆ ಸಿವಿಲ್ ದಾವೆ ಇದೆ. ಇಂಥ ಕೇಸಿನಲ್ಲಿ ರದ್ದತಿಗೆ ಒಳ್ಳೆಯ ಅವಕಾಶ ಇದೆ.

ಅದೇ ದೂರಿನಲ್ಲಿ, "ವ್ಯಾಪಾರಿ ಇಲ್ಲದ ಅಂಗಡಿಯ ಹೆಸರು ಹೇಳಿ, ಬೇರೆಯವರ ಲೈಸೆನ್ಸ್ ತೋರಿಸಿ ಮಾಲು ಎತ್ತಿದ, ಅದೇ ವಾರ ಇನ್ನೂ ನಾಲ್ಕು ಜನರಿಂದ ಹೀಗೇ ಎತ್ತಿ ಫೋನ್ ಬಂದ್ ಮಾಡಿದ" ಎಂದಿದ್ದರೆ? ಆಗ ಮೊದಲಿನಿಂದಲೇ ಕೆಟ್ಟ ಉದ್ದೇಶ ಇತ್ತು ಎಂದು ದೂರೇ ಹೇಳುತ್ತಿದೆ. ಸಿವಿಲ್ ದಾವೆಗೂ ಜಾಗ ಇದೆ ಎಂಬ ಕಾರಣಕ್ಕೆ ಕ್ರಿಮಿನಲ್ ಕೇಸು ಬಿದ್ದುಹೋಗುವುದಿಲ್ಲ. ಆ ರೈತನ ಬೆವರಿನ ಹಣ ಅದು. ಕೇಸು ನಡೆಯಲೇಬೇಕು.

ಎರಡನೆಯದು ವರದಕ್ಷಿಣೆ ಕಿರುಕುಳದ ಕೇಸು, ಹಳೆಯ ಭಾರತೀಯ ದಂಡ ಸಂಹಿತೆಯ 498ಎ, ಈಗಿನ ಭಾರತೀಯ ನ್ಯಾಯ ಸಂಹಿತೆಯ 85. ಭಾಲ್ಕಿಯ ಠಾಣೆಯಲ್ಲಿ ದಾಖಲಾದ ದೂರಿನಲ್ಲಿ ಒಂದು ಸಾಲು ಹೀಗಿದೆ ಎಂದುಕೊಳ್ಳಿ: "ಗಂಡ, ಅತ್ತೆ, ಮಾವ, ಮೈದುನ, ನಾದಿನಿ ಎಲ್ಲರೂ ಸೇರಿ ನನಗೆ ಮಾನಸಿಕ ಹಾಗೂ ದೈಹಿಕ ಕಿರುಕುಳ ನೀಡಿರುತ್ತಾರೆ." ಈಗ ಪ್ರತಿ ಹೆಸರಿನ ಕೆಳಗೆ ಗೆರೆ ಎಳೆಯಿರಿ. ಪಕ್ಕದಲ್ಲಿ ಬರೆಯಿರಿ: ಯಾವಾಗ, ಎಲ್ಲಿ, ಏನು ಮಾಡಿದರು, ಏನು ಅಂದರು? ಗಂಡನ ಹೆಸರಿನ ಎದುರು ಮೂರು ಘಟನೆ ಸಿಗುತ್ತವೆ. ಅತ್ತೆಯ ಎದುರು ಒಂದು. ಮದುವೆಯಾಗಿ ಪುಣೆಯಲ್ಲಿರುವ ನಾದಿನಿಯ ಎದುರು ಏನೂ ಇಲ್ಲ, "ಎಲ್ಲರೂ ಸೇರಿ" ಎಂಬುದನ್ನು ಬಿಟ್ಟರೆ. ಹೀಗೆ ಗುಂಪಿಗೆ ಸೇರಿಸಿ ಹೇಳಿದ ಆರೋಪದ ಮೇಲೆ ಸಂಬಂಧಿಕರನ್ನು ವಿಚಾರಣೆಗೆ ಎಳೆಯಬಾರದು ಎಂದು 2010ರ ಪ್ರೀತಿ ಗುಪ್ತಾ, 2012ರ ಗೀತಾ ಮೆಹ್ರೋತ್ರಾ, 2022ರ ಕಹಕಶಾನ್ ಕೌಸರ್ ತೀರ್ಪುಗಳು ಹೇಳಿವೆ.

ಹಾಗಾದರೆ ಅರ್ಜಿ ಯಾರು ಹಾಕಬೇಕು? ನಾದಿನಿ. ಗಂಡ ಅಲ್ಲ. ಮನೆಮಂದಿಯೆಲ್ಲ ಒಂದೇ ಅರ್ಜಿಯಲ್ಲಿ ಸೇರಿಕೊಂಡರೆ ನಾದಿನಿಯ ಗಟ್ಟಿ ವಾದ ಗಂಡನ ದುರ್ಬಲ ವಾದದ ಜೊತೆ ಕಲಸಿಹೋಗುತ್ತದೆ. ಇದು ನಾನು ಎಲ್ಲರಿಗೂ ಒತ್ತಿ ಹೇಳುವ ಮಾತು. ಇನ್ನೊಂದು ಮಾತು: ನೊಂದು ಬಂದ ಹೆಣ್ಣುಮಗಳ ದೂರಿನಲ್ಲಿ ನಾದಿನಿಯ ಹೆಸರು ಹೆಚ್ಚಾಗಿ ಸೇರಿದೆ ಎಂದರೆ ಗಂಡನ ಮೇಲಿನ ಆರೋಪ ಸುಳ್ಳು ಎಂದು ಅರ್ಥ ಅಲ್ಲ.

4. ಯಾವ ಕಾರಣಗಳಿಗೆ ಕೋರ್ಟ್ ಕಿವಿಗೊಡುತ್ತದೆ

1990ರಲ್ಲಿ ತೀರ್ಮಾನವಾದ ಹರಿಯಾಣ ಸರ್ಕಾರ ಮತ್ತು ಭಜನ್ ಲಾಲ್ ಪ್ರಕರಣ ಈ ವಿಷಯದಲ್ಲಿ ಎಲ್ಲರೂ ಎತ್ತಿಕೊಳ್ಳುವ ತೀರ್ಪು. ಅದರಲ್ಲಿ ಏಳು ಬಗೆಯ ಸಂದರ್ಭಗಳನ್ನು ಪಟ್ಟಿ ಮಾಡಿದ್ದಾರೆ. ಆದರೆ ಮಾಜಿ ಮುಖ್ಯಮಂತ್ರಿಯ ಮೇಲಿದ್ದ ಆ ಎಫ್‌ಐಆರನ್ನೇ ಸುಪ್ರೀಂ ಕೋರ್ಟ್ ರದ್ದು ಮಾಡಲು ಒಪ್ಪಲಿಲ್ಲ. ಹೈಕೋರ್ಟ್ ಮಾಡಿದ್ದ ರದ್ದತಿಯನ್ನು ತೆಗೆದುಹಾಕಿತು. ತನಿಖೆ ಮಾಡಿದ ಅಧಿಕಾರಿಗೆ ಕಾನೂನಿನ ಅಧಿಕಾರ ಇರಲಿಲ್ಲ ಎಂದು ಆ ತನಿಖೆಯನ್ನು ಮಾತ್ರ ರದ್ದು ಮಾಡಿತು. ಈ ಅಧಿಕಾರವನ್ನು ಕೋರ್ಟ್ ಎಷ್ಟು ಕೈಬಿಗಿ ಹಿಡಿದು ಬಳಸುತ್ತದೆ ಎಂದು ತಿಳಿಯಲು ಇಷ್ಟು ಸಾಕು.

ದೂರಿನಲ್ಲಿ ಅಪರಾಧವೇ ಇಲ್ಲ ಎಂಬ ಕಾರಣವನ್ನು ಮೇಲೆ ನೋಡಿದೆವು. ಎರಡನೆಯದು ನಮ್ಮ ಹಳ್ಳಿಗಳ ಜಗಳಗಳಿಗೆ ಬಹಳ ಹೊಂದುತ್ತದೆ. ಹೊಲದ ಬದುವಿನ ಮೇಲೆ ಜಗಳ, ಬೈಗುಳ, ಕೈಯಿಂದ ಒಂದೇಟು, "ನೋಡ್ಕೋತೀನಿ" ಎಂಬ ಬೆದರಿಕೆ. ಇವು ಸಾಮಾನ್ಯವಾಗಿ ಅಸಂಜ್ಞೇಯ ಅಪರಾಧಗಳು. ಬರೀ ಇವಷ್ಟೇ ಇದ್ದರೆ ಮ್ಯಾಜಿಸ್ಟ್ರೇಟರ ಆದೇಶ ಇಲ್ಲದೆ ಪೊಲೀಸರು ತನಿಖೆ ಮಾಡುವಂತಿಲ್ಲ. ಇದು ಹಳೆಯ ಪ್ರಕ್ರಿಯಾ ಸಂಹಿತೆಯ 155(2), ಈಗಿನ ನಾಗರಿಕ ಸುರಕ್ಷಾ ಸಂಹಿತೆಯ 174(2). ಆದೇಶ ಎಂದರೆ ಪೊಲೀಸರ ಮನವಿಯ ಮೂಲೆಯಲ್ಲಿ "ಅನುಮತಿಸಿದೆ" ಎಂದು ಒಂದೇ ಪದ ಬರೆದು ಸಹಿ ಹಾಕುವುದಲ್ಲ. ಮನಸ್ಸಿಟ್ಟು ಪರಿಶೀಲಿಸಿ ಆದೇಶ ಬರೆಯಬೇಕು ಎಂದು ನಮ್ಮ ಹೈಕೋರ್ಟ್ ಹಲವು ಸಲ ಹೇಳಿದೆ. ಅದಕ್ಕೇ ಆ ಮನವಿಯ ನಕಲನ್ನೂ ಕೋರ್ಟಿನ ಆರ್ಡರ್ ಶೀಟಿನ ನಕಲನ್ನೂ ತಪ್ಪದೆ ತೆಗೆಸಿ.

ಮೂರನೆಯದು ಕಾನೂನಿನ ಅಡ್ಡಿ. ಸರ್ಕಾರಿ ನೌಕರ ತನ್ನ ಕೆಲಸದ ಭಾಗವಾಗಿ ಮಾಡಿದ್ದಕ್ಕೆ ಪೂರ್ವಾನುಮತಿ ಬೇಕಾದ ಕಡೆ ಅದು ಇಲ್ಲದಿರುವುದು. ಕಾಲಮಿತಿ ಮೀರಿರುವುದು: ಒಂದು ವರ್ಷದವರೆಗಿನ ಶಿಕ್ಷೆಯ ಅಪರಾಧಕ್ಕೆ 1 ವರ್ಷ, ಮೂರು ವರ್ಷದವರೆಗಿನದಕ್ಕೆ 3 ವರ್ಷ. ಚೆಕ್ ಬೌನ್ಸ್ ಕೇಸಿನಲ್ಲಿ 30 ದಿನದೊಳಗೆ ನೋಟಿಸ್ ಕೊಡದಿರುವುದು. ಇವು ದಿನಾಂಕ ನೋಡಿದರೆ ಗೊತ್ತಾಗುವ ವಿಷಯಗಳು. ಅದೇ ಚೆಕ್ ಕೇಸಿನಲ್ಲಿ "ಖಾಲಿ ಚೆಕ್ ಭದ್ರತೆಗೆ ಕೊಟ್ಟಿದ್ದೆ" ಎಂಬ ವಾದ ಹೈಕೋರ್ಟಿನಲ್ಲಿ ಈ ಹಂತದಲ್ಲಿ ನಿಲ್ಲುವುದು ಕಷ್ಟ, ಅದಕ್ಕೆ ಸಾಕ್ಷಿ ಬೇಕು.

ನಾಲ್ಕನೆಯದು ದ್ವೇಷ. ಹಿಸ್ಸಾ ದಾವೆಯಲ್ಲಿ ಸೋತ ಅಣ್ಣ ಮರುವಾರವೇ ತಮ್ಮನ ಮೇಲೆ ಕಳ್ಳತನದ ಕೇಸು ಹಾಕುವಂಥದ್ದು. ಬರೀ "ನನ್ನ ಮೇಲೆ ಹಗೆ ಇದೆ" ಅಂದರೆ ಸಾಲದು. ಡಿಕ್ರಿಯ ದಿನಾಂಕ, ದೂರಿನ ದಿನಾಂಕ ಎರಡೂ ಕಾಗದದಲ್ಲಿ ಕಾಣಬೇಕು. 2023ರ ಮಹಮೂದ್ ಅಲಿ ತೀರ್ಪಿನಲ್ಲಿ, ಇಂಥ ಕಡೆ ಹೈಕೋರ್ಟ್ ದೂರಿನ ಸಾಲುಗಳ ನಡುವೆ ಏನಿದೆ ಎಂದೂ ನೋಡಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿದೆ. ಕೋರ್ಟಿನ ಪ್ರಕ್ರಿಯೆ ಕಿರುಕುಳದ ಆಯುಧ ಆಗಬಾರದು ಎಂಬ ಮಾತು ಇನ್ನೂ ಹಳೆಯದು. ಕರ್ನಾಟಕದಿಂದಲೇ ಹೋದ 1977ರ ಮುನಿಸ್ವಾಮಿ ಪ್ರಕರಣದಲ್ಲಿ ಬಂದದ್ದು.

5. ರಾಜಿ ಆಗಿದ್ದರೆ

ಎರಡೂ ಕಡೆಯವರು ಹಿರಿಯರ ಸಮಕ್ಷಮ ಕೂತು ಮುಗಿಸಿಕೊಂಡಿದ್ದೀರಿ ಎಂದುಕೊಳ್ಳಿ. ಕಾನೂನೇ ರಾಜಿಗೆ ಬಿಟ್ಟಿರುವ ಅಪರಾಧ ಆದರೆ ಹೈಕೋರ್ಟಿನವರೆಗೆ ಹೋಗಬೇಡಿ. ನಿಮ್ಮ ಜೆಎಂಎಫ್‌ಸಿ ಕೋರ್ಟಿನಲ್ಲೋ ಲೋಕ ಅದಾಲತ್ತಿನಲ್ಲೋ ಮುಗಿಯುತ್ತದೆ. 498ಎ ಥರದ್ದು ಆ ಪಟ್ಟಿಯಲ್ಲಿ ಇಲ್ಲ. ಅಂಥದ್ದಕ್ಕೆ ಹೈಕೋರ್ಟೇ ಬೇಕು. 2003ರ ಬಿ.ಎಸ್. ಜೋಶಿ, 2012ರ ಗ್ಯಾನ್ ಸಿಂಗ್ ತೀರ್ಪುಗಳು ಈ ದಾರಿ ತೆರೆದವು. ಸಂಸಾರ, ವ್ಯಾಪಾರ, ಆಸ್ತಿಯ ಜಗಳಗಳಿಗೆ ಈ ದಾರಿ ಸುಲಭ. ಕೊಲೆ, ಅತ್ಯಾಚಾರ, ದರೋಡೆಯಂಥ ಅಪರಾಧಗಳಿಗೆ ಇದು ಇಲ್ಲ, ಅವು ಇಡೀ ಸಮಾಜದ ಮೇಲಿನ ಅಪರಾಧಗಳು.

ಜಂಟಿ ಮೆಮೊ, ಎರಡೂ ಕಡೆಯ ಅಫಿಡವಿಟ್, ಗುರುತಿನ ಚೀಟಿ ಸಿದ್ಧ ಇರಲಿ. ದೂರುದಾರರು ಸ್ವತಃ ಕೋರ್ಟಿಗೆ ಬಂದು, ಯಾರ ಒತ್ತಡವೂ ಇಲ್ಲ ಎಂದು ಹೇಳಬೇಕಾಗಬಹುದು. ಒತ್ತಡ ಇದ್ದರೆ ಅದೇ ಹೇಳುವ ಜಾಗ. ಹೆದರಬೇಡಿ, ಹೇಳಿ.

6. ಈಗಲೇ ಹೋಗಬೇಕೋ, ಚಾರ್ಜ್‌ಶೀಟ್ ಆದ ಮೇಲೋ?

ಕಾನೂನಿನ ಅಡ್ಡಿ ಇದ್ದರೆ, ಇಲ್ಲವೇ ದೂರು ಓದಿದರೇ ಅಪರಾಧ ಇಲ್ಲ ಎಂದು ಕಂಡರೆ, ಎಫ್‌ಐಆರ್ ಹಂತದಲ್ಲೇ ಹೋಗಿ. ತನಿಖೆಯಲ್ಲಿ ಏನು ಸಿಗುತ್ತದೋ ಅದರ ಮೇಲೆ ನಿಮ್ಮ ವಾದ ನಿಂತಿದ್ದರೆ ಕಾಯುವುದು ಮೇಲು. ಕೇಸಿನಲ್ಲಿ ಹುರುಳಿಲ್ಲ ಎಂದು ಪೊಲೀಸರೇ ಬಿ ರಿಪೋರ್ಟ್ ಹಾಕಿಬಿಡಬಹುದು. ಚಾರ್ಜ್‌ಶೀಟ್ ಬಂದ ಮೇಲೂ ರದ್ದತಿ ಕೇಳಬಹುದು ಎಂದು 2018ರ ಆನಂದ್ ಕುಮಾರ್ ಮೊಹತ್ತಾ ತೀರ್ಪು ಹೇಳಿದೆ. ಅರ್ಜಿ ಬಾಕಿ ಇರುವಾಗ ಚಾರ್ಜ್‌ಶೀಟ್ ಬಂದರೆ ಕೋರಿಕೆಯನ್ನು ತಿದ್ದುಪಡಿ ಮಾಡಿಸಿ, ಚಾರ್ಜ್‌ಶೀಟನ್ನೂ ಕೋರ್ಟ್ ಕಾಗ್ನಿಜೆನ್ಸ್ ತೆಗೆದುಕೊಂಡ (ಅಪರಾಧವನ್ನು ಗಮನಕ್ಕೆ ತೆಗೆದುಕೊಂಡ) ಆದೇಶವನ್ನೂ ಸೇರಿಸಿ.

ಇರುವ ಕಾರಣಗಳನ್ನೆಲ್ಲ ಮೊದಲ ಅರ್ಜಿಯಲ್ಲೇ ಹಾಕಿ. ಆಗಲೇ ಗೊತ್ತಿದ್ದ ಕಾರಣ ಇಟ್ಟುಕೊಂಡು ಎರಡನೇ ಸಲ ಬರುವಂತಿಲ್ಲ ಎಂದು 2023ರ ಭೀಷ್ಮ ಲಾಲ್ ವರ್ಮಾ ತೀರ್ಪಿನಲ್ಲಿದೆ.

7. ಅರ್ಜಿಯ ಕಟ್ಟು

ವಕಾಲತ್ತು, ಅಫಿಡವಿಟ್, ಎಫ್‌ಐಆರ್, ದೂರು, ಇದ್ದರೆ ಚಾರ್ಜ್‌ಶೀಟ್, ಪಂಚನಾಮೆ, ಸಾಕ್ಷಿ ಹೇಳಿಕೆಗಳು, ಕೆಳ ಕೋರ್ಟಿನ ಪೂರ್ತಿ ಆರ್ಡರ್ ಶೀಟ್. ಕೈಬರಹ ಓದಲು ಬರದಿದ್ದರೆ ಟೈಪ್ ಮಾಡಿದ ಪ್ರತಿಯೂ ಇರಲಿ. ನಿಮ್ಮ ಪರವಾದ ದಾಖಲೆ ಸೇರಿಸುವಾಗ ಯೋಚಿಸಿ. ಯಾರೂ ಅಲ್ಲಗಳೆಯಲಾರದಂಥದ್ದು ಮಾತ್ರ ಈ ಹಂತದಲ್ಲಿ ಕೆಲಸಕ್ಕೆ ಬರುತ್ತದೆ: ನೋಂದಾಯಿತ ಪತ್ರ, ಕೋರ್ಟ್ ಡಿಕ್ರಿ, ಘಟನೆಯ ದಿನ ವಿದೇಶದಲ್ಲಿದ್ದೆ ಎಂದು ತೋರಿಸುವ ಪಾಸ್‌ಪೋರ್ಟ್ ಮುದ್ರೆ. 2013ರ ರಾಜೀವ್ ಥಾಪರ್ ತೀರ್ಪು ಈ ಅಳತೆಗೋಲು ಕೊಟ್ಟಿದೆ. ಓಣಿಯ ಹತ್ತು ಜನರ ಅಫಿಡವಿಟ್ ತಂದರೆ ಭಾರ ಜಾಸ್ತಿ, ಬಲ ಕಡಿಮೆ.

ಎದುರುದಾರರು ಇಬ್ಬರು: ಠಾಣೆಯ ಮೂಲಕ ಕರ್ನಾಟಕ ಸರ್ಕಾರ, ಮತ್ತು ದೂರುದಾರರು. ಕಚೇರಿ ಆಕ್ಷೇಪಣೆ, ಅಂದರೆ ಅರ್ಜಿಯಲ್ಲಿ ಹೈಕೋರ್ಟ್ ಕಚೇರಿ ತೋರಿಸಿದ ಕೊರತೆ, ಸರಿಪಡಿಸಿದ ಮೇಲೆ ಕೇಸು ಪಟ್ಟಿಗೆ ಬರುತ್ತದೆ. ಕಲಬುರಗಿ ಪೀಠದ ಕ್ರಿಮಿನಲ್ ಪಿಟಿಷನ್ ನಂಬರ್‌ಗಳು 2 ಲಕ್ಷದ ಸರಣಿಯಲ್ಲಿರುತ್ತವೆ. ಇಕೋರ್ಟ್ಸ್ ಆಪ್‌ನಲ್ಲಿ ಅದನ್ನು ಹಾಕಿ ದಿನಾಂಕ ನೀವೇ ನೋಡಿಕೊಳ್ಳಬಹುದು.

ಮಧ್ಯಂತರ ತಡೆ ಸಿಕ್ಕರೆ ಕೆಳ ಕೋರ್ಟಿಗೆ ಆದೇಶದ ಪ್ರತಿ ಕೊಡಿ. ಆರು ತಿಂಗಳಾದರೆ ತಡೆ ತಾನಾಗೇ ಬಿದ್ದುಹೋಗುತ್ತದೆ ಎಂದು ಈಗಲೂ ಕೆಲವರು ಹೇಳುತ್ತಾರೆ. 2018ರ ಆ ನಿಯಮವನ್ನು 2024ರ ಫೆಬ್ರವರಿ 29ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ತೆಗೆದುಹಾಕಿದೆ. ತಡೆ ಸಿಗದಿದ್ದರೆ ಕೆಳ ಕೋರ್ಟಿನ ಪ್ರತಿ ತಾರೀಖಿಗೂ ಹಾಜರಾಗಲೇಬೇಕು. ಇಲ್ಲವಾದರೆ ವಾರಂಟ್ ಬರುತ್ತದೆ.

ವಕೀಲರ ಫೀಸು ಕೊಡುವ ಶಕ್ತಿ ಇಲ್ಲದವರು ಹಿಂಜರಿಯಬೇಡಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಜೈಲಿನಲ್ಲಿರುವವರು ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವಿಗೆ ಅರ್ಹರು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಕರೆ ಮಾಡಿ.

8. ನೀವು ದೂರು ಕೊಟ್ಟವರಾಗಿದ್ದರೆ

ಆರೋಪಿ ಹೈಕೋರ್ಟಿಗೆ ಹೋದರೆ ನಿಮಗೆ ನೋಟಿಸ್ ಬರುತ್ತದೆ. "ಸರ್ಕಾರಿ ವಕೀಲರು ನೋಡ್ಕೋತಾರೆ" ಎಂದು ಮೂಲೆಗೆ ಇಡಬೇಡಿ. ಅವರು ಸರ್ಕಾರದ ಪರ. ನಿಮ್ಮ ಮಾತು ಹೇಳಲು ನಿಮ್ಮದೇ ವಕೀಲರು ಇದ್ದರೆ ಒಳ್ಳೆಯದು. ಪರಿಶಿಷ್ಟ ಜಾತಿ, ಪಂಗಡದವರ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಕೇಸಾದರೆ ನಿಮ್ಮ ಮಾತು ಕೇಳಿಸಿಕೊಳ್ಳಬೇಕು ಎಂಬ ಹಕ್ಕನ್ನು ಆ ಕಾಯ್ದೆಯ 15ಎ ಕಲಮೇ ಕೊಟ್ಟಿದೆ. ನಮ್ಮ ಜಿಲ್ಲೆಗಳಲ್ಲಿ ಠಾಣೆಯ ಮೆಟ್ಟಿಲು ಹತ್ತಲೇ ಧೈರ್ಯ ಸಾಲದ ಎಷ್ಟೋ ಜನ ಇದ್ದಾರೆ, ಅಲ್ವಾ? ಅವರು ಕಷ್ಟಪಟ್ಟು ಕೊಟ್ಟ ದೂರು ಬರೀ ಗೈರುಹಾಜರಿಯಿಂದ ಬಿದ್ದುಹೋಗಬಾರದು. ಇದಕ್ಕಿಂತ ಮುಂಚೆ, ದೂರು ಬರೆಸುವಾಗಲೇ ದಿನ, ಜಾಗ, ಯಾರು ಏನು ಮಾಡಿದರು ಎಂದು ಬಿಡಿಸಿ ಬರೆಸಿ. ಸಂಬಂಧ ಇಲ್ಲದವರ ಹೆಸರು ಸೇರಿಸಬೇಡಿ. ಅದರಿಂದ ನಿಮ್ಮ ಕೇಸೇ ಸಡಿಲವಾಗುತ್ತದೆ.

9. ಆದೇಶ ಬಂದ ಮೇಲೆ

ಅರ್ಜಿ ವಜಾ ಆದರೆ ಕಥೆ ಮುಗಿಯಲಿಲ್ಲ. ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ ಹಾಕಲು 90 ದಿನ ಇದೆ. ಅದಕ್ಕಿಂತ ಹತ್ತಿರದ ದಾರಿ ವಿಚಾರಣಾ ಕೋರ್ಟಿನಲ್ಲೇ ಆರೋಪದಿಂದ ಬಿಡುಗಡೆ (ಡಿಸ್ಚಾರ್ಜ್) ಕೇಳುವ ಅರ್ಜಿ. ಹೊಸ ಸಂಹಿತೆಯಲ್ಲಿ ಇದಕ್ಕೆ 60 ದಿನದ ಗಡುವಿದೆ: ವಾರಂಟ್ ಕೇಸಿನಲ್ಲಿ ದಾಖಲೆಗಳ ಪ್ರತಿ ಕೊಟ್ಟ ದಿನದಿಂದ, ಸೆಷನ್ಸ್ ಕೇಸಿನಲ್ಲಿ ಕಮಿಟ್ ಆದ (ಮ್ಯಾಜಿಸ್ಟ್ರೇಟರು ಸೆಷನ್ಸ್ ಕೋರ್ಟಿಗೆ ಒಪ್ಪಿಸಿದ) ದಿನದಿಂದ. ಹೈಕೋರ್ಟಿನ ಅರ್ಜಿ ಬಾಕಿ ಇರುವಾಗಲೇ ಈ ಗಡುವು ಓಡುತ್ತಿರಬಹುದು. ನಿಮ್ಮ ವಕೀಲರನ್ನು ಮೊದಲ ದಿನವೇ ಈ ಬಗ್ಗೆ ಕೇಳಿ.

ಅರ್ಜಿ ಪುರಸ್ಕಾರ ಆದರೆ ಆದೇಶದ ಕೊನೆಯ ಸಾಲುಗಳನ್ನು ಗಮನವಿಟ್ಟು ಓದಿ. ಯಾವ ಆರೋಪಿಗಳ ಮಟ್ಟಿಗೆ ರದ್ದು, ಯಾವ ಕಲಮುಗಳ ಮಟ್ಟಿಗೆ ರದ್ದು ಎಂದು ಅಲ್ಲಿ ಬರೆದಿರುತ್ತದೆ. ಮೂರನೇ ಆರೋಪಿಯ ಮೇಲಿನ ಕೇಸು ಮಾತ್ರ ರದ್ದಾಗಿ ಉಳಿದವರ ಮೇಲೆ ಮುಂದುವರಿಯುವುದು ಮಾಮೂಲಿ. ದೃಢೀಕೃತ ಪ್ರತಿ ಎರಡು ತೆಗೆಸಿ. ಒಂದನ್ನು ಮೆಮೊ ಜೊತೆ ಕೆಳ ಕೋರ್ಟಿಗೆ ಹಾಕಿ, ಬಾಕಿ ವಾರಂಟ್ ಇದ್ದರೆ ವಾಪಸ್ ಪಡೆಯುವಂತೆ ಕೇಳಿ. ಇನ್ನೊಂದನ್ನು ಠಾಣೆಗೆ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಮುಂದೆ ಪಾಸ್‌ಪೋರ್ಟಿಗೋ ಸರ್ಕಾರಿ ಕೆಲಸಕ್ಕೋ ಪೊಲೀಸ್ ವೆರಿಫಿಕೇಶನ್ ಬಂದಾಗ ಠಾಣೆಯ ದಾಖಲೆಯಲ್ಲಿ ಹಳೇ ನಂಬರ್ ಹಾಗೇ ಕಾಣಿಸಿದರೆ ಆ ಮುದ್ರೆಯಿರುವ ಪ್ರತಿಯನ್ನು ತೋರಿಸಿ.